ಅಲ್ಲಿ ಹೂವಿನ ಬಟ್ಟಲು

ಎಂಬತ್ತರ ದಶಕದಲ್ಲಿ ಬಾಟನಿ ಡಿಗ್ರಿ ಮುಗಿಸಿ, ಕೆಲಸವೂ ಸಿಗದೆ ಮದುವೆಯೂ ಗೊತ್ತಾಗದೆ, ನಾನು ಕೊಯಮತ್ತೂರಿನ ಸಿಂಗಾನಲ್ಲೂರಿನ ನಮ್ಮ ಮನೆಯಲ್ಲಿ ಕೆಲಕಾಲ ಕೂತಿದ್ದೆ. ಕೂತಿದ್ದೆ ಅನ್ನುವುದು ಮಾತಿಗೆ ಮಾತ್ರ. ಮಗ್ಗದ ಮನೆಯಲ್ಲಿ ಯಾರನ್ನೂ ಸುಮ್ಮನೆ ಕೂರಲು ಬಿಡುವುದಿಲ್ಲ. ನೂಲಿನ ಸಿಕ್ಕು ಬಿಡಿಸು, ಕಂಡಿಕೆ ಸುತ್ತು, ಗಂಜಿ ಕಾಸು ಎಂದು ಅಮ್ಮ ಒಂದಲ್ಲ ಒಂದು ಹಚ್ಚುತ್ತಲೇ ಇರುತ್ತಿದ್ದಳು. ಆದ್ದರಿಂದ ಕಾಲೇಜಿನ ಮೇಡಂ ಹೇಳಿಕಳಿಸಿದ್ದಾರೆ ಎಂದು ಗೊತ್ತಾದ ಕೂಡಲೇ ಏಕೆ ಏನು ಎಂದು ಕೇಳದೆ ಬಸ್ಸು ಹತ್ತಿದೆ.

ಮೇಡಂ ಮೈಸೂರಿನವರು. ಗಂಡನ ಕೆಲಸದಿಂದಾಗಿ ಕೊಯಮತ್ತೂರಿಗೆ ಬಂದು ನಮಗೆ ಬಾಟನಿ ಪಾಠ ಮಾಡುತ್ತಿದ್ದರು. ತರಗತಿಯಲ್ಲಿ ಇಂಗ್ಲಿಷು. ಹೊರಗೆ, ನಮ್ಮ ಮನೆಯಲ್ಲಿ ಕನ್ನಡ ಆಡುತ್ತಾರೆಂದು ತಿಳಿದ ಮೇಲೆ, ನನ್ನೊಡನೆ ಕನ್ನಡ. ಅವರ ಕನ್ನಡ ಒಗೆದು ಇಸ್ತ್ರಿ ಮಾಡಿ ಮಡಿಚಿಟ್ಟ ಹಾಗಿರುತ್ತಿತ್ತು. ನಮ್ಮದು ತಲೆತಲಾಂತರದಿಂದ ತಮಿಳಿನ ಜೊತೆ ಒಂದೇ ಹಂಡೆಯಲ್ಲಿ ಬೆಂದ ಕನ್ನಡ. ಮರ್ಯಾದೆ ಕೊಡಬೇಕಾದರೆ ಕೊಂಗುನಾಡಿನ ತಮಿಳರು ಮಾತಿನ ಕೊನೆಗೆ ಒಂದು ‘ಂಗ’ ಸೇರಿಸುತ್ತಾರಲ್ಲ, ಅದನ್ನು ನಮ್ಮವರು ಕನ್ನಡ ಪದದ ಬಾಲಕ್ಕೂ ಕಟ್ಟುತ್ತಿದ್ದರು. ಹೌದುಂಗ, ಬನ್ನಿಂಗ, ಕುಂತ್ಕೊಳ್ಳಿಂಗ. ಇನ್ನು ಕನ್ನಡದ ಅಕ್ಷರವೋ, ಮನೆಯಲ್ಲಿ ಯಾರಿಗೂ ಬರುತ್ತಿರಲಿಲ್ಲ, ನನಗೂ ಸೇರಿ. ಇದನ್ನು ಮೇಡಂಗೆ ಯಾರೂ ಹೇಳಿರಲಿಲ್ಲ.

“ನಿನ್ನ ರೆಕಾರ್ಡ್ ಪುಸ್ತಕದ ಚಿತ್ರಗಳು ನನಗೆ ಚೆನ್ನಾಗಿ ನೆನಪಿವೆ,” ಅಂದರು ಮೇಡಂ. “ನಾನೊಂದು ಪ್ರಾಕ್ಟಿಕಲ್ ಪುಸ್ತಕ ಬರೀತಾ ಇದ್ದೀನಿ. ಅದಕ್ಕೆ ಹೂವಿನ ಚಿತ್ರ ಬರೆದುಕೊಡ್ತೀಯಾ? ಮೊದಲು ನೈದಿಲೆ.”

“ನೈದಿಲೆ ಅಂದ್ರೆ ಏನು ಮೇಡಂ?”

“ಬಾಟನಿ ಓದಿ ಹೀಗೆ ಕೇಳ್ತೀಯಲ್ಲ! ನಿಂಫಿಯಾ.”

“ಓ, ಅಲ್ಲಿ!” ಅಂದೆ.

ಮೇಡಂ ತಟ್ಟನೆ ಹಿಂದಿರುಗಿ ನೋಡಿದರು. “ಎಲ್ಲಿ?”

“ಅಲ್ಲಿ, ಮೇಡಂ.”

ಅವರು ಎದ್ದು ಹೋಗಿ ಕಿಟಕಿಯಿಂದ ಹೊರಗೆ ಬಗ್ಗಿ ನೋಡಿದರು. ಕಿಟಕಿಯ ಆಚೆ ಅಟೆಂಡರನ ಸೈಕಲ್ಲು ಬಿಟ್ಟರೆ ಏನೂ ಇರಲಿಲ್ಲ. ತಮಿಳಿನಲ್ಲಿ ನೈದಿಲೆಗೆ ‘ಅಲ್ಲಿ’ ಅನ್ನುತ್ತಾರೆ, ನಮ್ಮ ಮನೆಯಲ್ಲೂ ಹಾಗೇ ಅನ್ನುತ್ತೇವೆ ಎಂದು ನಾನು ಬಿಡಿಸಿ ಹೇಳಿದ ಮೇಲೆ ಮತ್ತೆ ಬಂದು ಕೂತರು. “ಅಲ್ಲಿ ಎಲ್ಲಿ ಸಿಗುತ್ತೆ?” ಎಂದು ಅವರೇ ಕೇಳಿ, ಕೇಳಿದ ಮಾತು ತಮ್ಮ ಕಿವಿಗೇ ಬಿದ್ದು ಕನ್ನಡಕ ಸರಿಮಾಡಿಕೊಂಡರು.

ನಮ್ಮೂರ ಕೊಳದಲ್ಲೇ ಸಿಗುತ್ತಿತ್ತು. ಐಪ್ಪಸಿ ತಿಂಗಳ, ಅಂದರೆ ಅಕ್ಟೋಬರ್-ನವೆಂಬರಿನ, ಮಳೆ ಬಿದ್ದು ಕೊಳ ತುಂಬಿತ್ತು. ನೀಲಿ ಬಣ್ಣದ ಜಾತಿ, ಬೆಳಿಗ್ಗೆ ಬಿಸಿಲೇರುವಾಗ ಅರಳಿ ಮಧ್ಯಾಹ್ನದ ಹೊತ್ತಿಗೆ ಮುಚ್ಚಿಕೊಳ್ಳುವಂಥದ್ದು. ಮೇಡಂಗೆ ಬೇಕಾದದ್ದು ಮುಖ್ಯವಾಗಿ ಎರಡು ಚಿತ್ರ. ಹೂವನ್ನು ನಟ್ಟನಡುವೆ ಮೇಲಿನಿಂದ ಕೆಳಗೆ ಸೀಳಿದರೆ ಒಳಗೆ ಕಾಣುವ ಅರ್ಧ ಹೂವು ಒಂದು. ಇನ್ನೊಂದು ಹೂವಿನ ನಕ್ಷೆ: ಪುಷ್ಪಪತ್ರ, ದಳ, ಕೇಸರ, ಅಂಡಾಶಯ ಎಲ್ಲವನ್ನೂ ಒಂದರೊಳಗೊಂದು ಸುತ್ತಾಗಿ ತೋರಿಸುವ ದುಂಡನೆಯ ಚಿತ್ರ. ಕರಿ ಇಂಕು, ಒಂದೇ ದಪ್ಪದ ಗೆರೆ, ನೆರಳು ಬೇಕಾದಲ್ಲಿ ಚುಕ್ಕಿ ಮಾತ್ರ. ಪೆನ್ಸಿಲ್ ಉಜ್ಜಿ ನೆರಳು ಮಾಡಿದರೆ ಅಪರಾಧ.

“ಕಂಡದ್ದನ್ನು ಬರಿ,” ಅಂದರು. “ಚೆಂದ ಮಾಡೋಕೆ ಹೋಗಬೇಡ. ಚೆಂದ ಮಾಡೋದು ಬಾಟನಿ ಅಲ್ಲ.”

ಹೂವು ಕಿತ್ತು ತರುವ ಕೆಲಸ ಚಿಕ್ಕಪ್ಪನದು. ಚಿಕ್ಕಪ್ಪ ನಮ್ಮ ಜೊತೆಯಲ್ಲೇ ಇದ್ದ. ಮನೆಯ ಕಸುಬು ಬಿಟ್ಟು ಗಣಪತಿ ಎಂಬ ಬಡಾವಣೆಯ ಒಂದು ಪಂಪ್‌ಸೆಟ್ ವರ್ಕ್‌ಶಾಪಿನಲ್ಲಿ ಫಿಟ್ಟರ್ ಆಗಿದ್ದವನು. ಲೋಕದಲ್ಲಿ ಇರುವುದೆಲ್ಲ ಒಂದೋ ಪಂಪು, ಇಲ್ಲವೇ ಪಂಪಿನ ಬಿಡಿಭಾಗ ಎಂದು ನಂಬಿದ್ದ. ವರ್ಕ್‌ಶಾಪಿಗೆ ಹೋಗುವ ಮೊದಲು ಪಂಚೆ ಎತ್ತಿ ಕಟ್ಟಿ ಕೊಳಕ್ಕಿಳಿದು, ಇರುವುದರಲ್ಲಿ ದೊಡ್ಡ ಹೂವನ್ನು ಉದ್ದ ದಂಟಿನ ಸಮೇತ ಕಿತ್ತು ತಂದ.

ಮೊದಲ ದಿನ ನಾನು ಅದನ್ನು ಹಿಡಿ ಹಿಡಿದು ತೂಗಿಸಿಕೊಂಡು ಹೋಗುವ ಹಾಲಿನ ತೂಕುಪಾತ್ರೆಯಲ್ಲಿ ನೀರು ಹಾಕಿ ಇಟ್ಟುಕೊಂಡು, ಕಾಲೇಜಿನ ಲ್ಯಾಬಿನಲ್ಲೇ ಕೂತು ಬರೆಯೋಣವೆಂದು ಬಸ್ಸು ಹತ್ತಿದೆ. ಸಿಂಗಾನಲ್ಲೂರಿನಿಂದ ಗಾಂಧಿಪುರಂಗೆ ಒಂದು ಬಸ್ಸು, ಅಲ್ಲಿಂದ ಇನ್ನೊಂದು. ಮಿಲ್ಲಿನ ಶಿಫ್ಟಿಗೆ ಹೋಗುವವರ ನಡುವೆ ಹೂವಿನ ತಲೆ ತೂಕುಪಾತ್ರೆಯಿಂದ ಇಣುಕಿ ಎಲ್ಲರನ್ನೂ ನೋಡುತ್ತಿತ್ತು.

“ಯಾವ ದೇವಸ್ಥಾನಕ್ಕೆ ಅಮ್ಮಿಣಿ?” ಎಂದು ಕಂಡಕ್ಟರ್ ತಮಿಳಿನಲ್ಲಿ ಕೇಳಿದ. ನಮ್ಮ ಕಡೆ ಹುಡುಗಿಯರನ್ನು ಹಾಗೆ ಕರೆಯುತ್ತಾರೆ.

“ದೇವಸ್ಥಾನಕ್ಕಲ್ಲ. ಕುಯ್ಯೋಕೆ,” ಅಂದೆ.

ಅವನು ಟಿಕೆಟ್ ಹರಿದುಕೊಟ್ಟು, ಮತ್ತೆ ನನ್ನ ಕಡೆ ತಿರುಗಲೇ ಇಲ್ಲ.

ಲ್ಯಾಬಿಗೆ ಹೋಗಿ ನೋಡಿದರೆ ಹೂವು ಬಿಗಿಯಾಗಿ ಮುಚ್ಚಿಕೊಂಡು ಹಸಿರು ಮೂತಿ ಮುಂದೆ ಮಾಡಿಕೊಂಡಿತ್ತು. ನೂಕುನುಗ್ಗಲಿಗೆ ಸಿಟ್ಟು ಬಂದಿತ್ತೋ ಏನೋ. ಮೇಡಂ ಅದರ ಮೇಲೆ ನೀರು ಚಿಮುಕಿಸಿದರು, ಬಿಸಿಲಿಗೆ ಹಿಡಿದರು, ನಯವಾಗಿ ಎಸಳು ಬಿಡಿಸಲು ನೋಡಿದರು. ಬಿಡಿಸಿದ ಎಸಳು ಬೆರಳು ತೆಗೆದ ಕೂಡಲೇ ಮತ್ತೆ ಮುಚ್ಚಿಕೊಳ್ಳುತ್ತಿತ್ತು. ಕೊನೆಗೆ, “ಮನೆಯಲ್ಲೇ ಬರೆದುಕೊಂಡು ಬಾ” ಎಂದು ಕಳಿಸಿಬಿಟ್ಟರು.

ಮನೆಯಲ್ಲಿ ಬೇರೆಯೇ ತೊಂದರೆ. ಮಾರನೆಯ ದಿನ ಚಿಕ್ಕಪ್ಪ ತಂದಿಟ್ಟ ಹೂವು ನಾನು ಬ್ಲೇಡು ಹುಡುಕಿ ಬರುವಷ್ಟರಲ್ಲಿ ಮಾಯ. ನೋಡಿದರೆ ಅಜ್ಜಿ ಅದನ್ನು ದೇವರ ಪಟಕ್ಕೆ ಏರಿಸಿ ಊದುಬತ್ತಿ ಹಚ್ಚುತ್ತಿದ್ದಳು.

“ಅಜ್ಜಿ, ಅದು ನಾನು ಕುಯ್ಯೋ ಹೂವು!”

“ಸಾಮಿಗೆ ಇಟ್ಟ ಹೂವ ಕುಯ್ತೀಯಾ? ಕೈ ಸೇದೋಗ್ತದೆ ನೋಡು.”

“ಮೇಡಂಗೆ ಏನ್ ಹೇಳ್ಲಿ?”

“ಸಾಮಿ ಮೊದಲು ಕೇಳ್ಬುಟ್ರು ಅಂತ ಹೇಳು ಕಣ್ಣು. ಅವರೂ ದೊಡ್ಡವರು, ಪುರಿಯುತ್ತೆ.” ಅರ್ಥವಾಗುತ್ತದೆ ಅನ್ನುವುದಕ್ಕೆ ನಮ್ಮಲ್ಲಿ ಹಾಗನ್ನುತ್ತಿದ್ದರು, ಮಕ್ಕಳನ್ನು ಮುದ್ದಿನಿಂದ ಕರೆಯುವುದಕ್ಕೆ ಕಣ್ಣು ಎಂದು.

ಅಂದಿನಿಂದ ಚಿಕ್ಕಪ್ಪ ಎರಡು ಹೂವು ತರತೊಡಗಿದ. ಒಂದು ಸಾಮಿಗೆ, ಒಂದು ಬಾಟನಿಗೆ. ಅಜ್ಜಿ ಎರಡನ್ನೂ ಪಕ್ಕಪಕ್ಕ ಇಟ್ಟು ನೋಡಿ, ಚೆನ್ನಾಗಿರುವುದನ್ನು ತಾನು ತೆಗೆದುಕೊಳ್ಳುತ್ತಿದ್ದಳು.

ಅಪ್ಪನ ಕೆಲಸ ಸೀರೆಗೆ ವಿನ್ಯಾಸ ಬರೆಯುವುದು. ಚೌಕುಳಿ ಕಾಗದದ ಮೇಲೆ ಒಂದೊಂದೇ ಚೌಕ ತುಂಬಿ ಅಂಚು, ಬುಟ್ಟಾ, ಸೆರಗು ಬರೆಯುತ್ತಿದ್ದ. ಅದನ್ನು ನೋಡಿ ಜಕಾರ್ಡ್ ಮಗ್ಗಕ್ಕೆ ಹಾಕುವ ರಟ್ಟಿನಲ್ಲಿ ತೂತು ಹೊಡೆಯುತ್ತಿದ್ದರು. ನನ್ನ ಕೈಗೆ ಏನಾದರೂ ಸೊಗಸು ಇದ್ದರೆ ಅದು ಅಪ್ಪನ ಮೇಜಿನ ಇನ್ನೊಂದು ತುದಿಯಲ್ಲಿ ಕೂತು ಬಂದದ್ದು. ಅದೇ ತುದಿಯಲ್ಲಿ ಕೂತು ನಾನು ಹೂವು ಸೀಳಿ, ಭೂತಗನ್ನಡಿ ಹಿಡಿದು ಬರೆಯತೊಡಗಿದೆ. ಅಪ್ಪ ತನ್ನ ಕೆಲಸ ಬಿಟ್ಟು ನನ್ನದನ್ನು ಇಣುಕಿ ನೋಡತೊಡಗಿದ.

ನೈದಿಲೆಯಲ್ಲಿ ಒಂದು ಚೋದ್ಯವಿದೆ. ಹೊರಗಿನ ದಳಗಳು ಅಗಲವಾಗಿ, ದಳವೇ ಹೌದು ಅನ್ನುವ ಹಾಗಿರುತ್ತವೆ. ಒಳಗೆ ಹೋದಂತೆ ಸಪೂರವಾಗುತ್ತವೆ. ಅವುಗಳ ಪಕ್ಕದಲ್ಲೇ ನಿಲ್ಲುವ ಹೊರಸುತ್ತಿನ ಕೇಸರಗಳ ಕಾಲೂ ಪಟ್ಟಿಯಂತೆ ಅಗಲ, ತುದಿಯೂ ದಳದ ಬಣ್ಣ. ನಡುವೆ ಪರಾಗದ ಹಳದಿ ಗೀಟು ಇಲ್ಲದಿದ್ದರೆ ಅದೂ ದಳವೇ ಅನ್ನಬೇಕು. ಒಳಸುತ್ತಿಗೆ ಹೋದಮೇಲೆ ಅಪ್ಪಟ ಕೇಸರ.

“ಇದು ಏನು?” ಅಪ್ಪ ಒಂದನ್ನು ತೋರಿಸಿ ಕೇಳಿದ.

“ಕೇಸರ. ಆದ್ರೆ ನೋಡೋಕೆ ದಳದ ಥರ.”

“ಸೀರೇಲಿ ಒಡಲು ಅಂದ್ರೆ ಒಡಲು, ಅಂಚು ಅಂದ್ರೆ ಅಂಚು. ಒಡಲು ಎಲ್ಲಿ ಮುಗೀತು, ಅಂಚು ಎಲ್ಲಿ ಶುರುವಾಯ್ತು ಅಂತ ತೋರಿಸ್ಬೇಕಾ ಬೇಡ್ವಾ? ಹಿಂಗೆ ಬರ್ದು ಕೊಟ್ರೆ ನಮ್ಮ ಮುದಲಾಳಿ ಮೂತಿಗೆ ಎಸೀತಾರೆ.” ಮುದಲಾಳಿ ಅಂದರೆ ಅಪ್ಪನಿಂದ ವಿನ್ಯಾಸ ಕೊಳ್ಳುವ ಜವಳಿಯವರು.

“ಹೂವು ಹಂಗೇ ಇದೆಯಲ್ಲಪ್ಪ.”

“ಅದು ತಪ್ಪು ಮಾಡಿದ್ರೆ ನೀನೂ ಮಾಡ್ತೀಯಾ? ಇಲ್ಲೊಂದು ಗೆರೆ ಎಳಿ.”

“ಕಂಡದ್ದನ್ನು ಬರಿ ಅಂದಿದ್ದಾರೆ ಮೇಡಂ.”

ಬಾಗಿಲಲ್ಲಿ ಕೂತು ನೂಲು ಸುತ್ತುತ್ತಿದ್ದ ಅಜ್ಜಿ ತಲೆಯೆತ್ತದೆ ಹೇಳಿದಳು: “ತಾನು ಎಸಳೋ ಅಲ್ವೋ ಅಂತ ಅದಕ್ಕೇ ತೆರಿಯದು. ನೀವ್ಯಾಕೆ ಚಂಡೆ ಹಾಕ್ತೀರಿ?” ತಿಳಿಯದು ಅನ್ನುವುದಕ್ಕೂ ಜಗಳ ಅನ್ನುವುದಕ್ಕೂ ಅವಳು ತಮಿಳನ್ನೇ ಬಳಸುತ್ತಿದ್ದಳು.

ಇಷ್ಟೆಲ್ಲ ಆಗುವಷ್ಟರಲ್ಲಿ ಹೊತ್ತು ಏರಿ ಹೂವು ಮುಚ್ಚಿಕೊಳ್ಳಲು ಶುರು ಮಾಡುತ್ತಿತ್ತು. ಸೀಳಿದ ಅರ್ಧ ಹೂವೂ ಕೂಡ. ನಾನು ನಾಲ್ಕು ಗೆರೆ ಎಳೆಯುವುದರಲ್ಲಿ ದಳಗಳು ಇದ್ದಲ್ಲಿಂದ ಎದ್ದು ಬೇರೆ ಕಡೆ ಹೋಗಿರುತ್ತಿದ್ದವು. ಊಟಕ್ಕೆ ಬಂದ ಚಿಕ್ಕಪ್ಪ ನನ್ನ ಗೋಳು ನೋಡಿ, “ಇದಕ್ಕೆ ಒಂದು ಫಿಕ್ಸ್ಚರ್ ಬೇಕು ಅಷ್ಟೇ” ಅಂದ.

ಮರುದಿನ ವರ್ಕ್‌ಶಾಪಿನಿಂದ ಅದನ್ನು ಮಾಡಿಕೊಂಡು ಬಂದ. ತಗಡಿನ ಒಂದು ತಟ್ಟೆ, ಅದರ ಸುತ್ತ ಕೊಡೆಯ ಕಡ್ಡಿಯಲ್ಲಿ ಮಾಡಿದ ಬೆರಳುಗಳು, ಅಡಿಯಲ್ಲಿ ಒಂದು ಚಿಟ್ಟೆ ನಟ್ಟು. ಹೂವನ್ನು ನಡುವೆ ಕೂರಿಸಿ ನಟ್ಟು ತಿರುಗಿಸಿದರೆ ಬೆರಳುಗಳು ನಿಧಾನವಾಗಿ ಹೊರಕ್ಕೆ ಬಾಗಿ ದಳಗಳನ್ನು ಹಿಡಿದು ಬಿಡಿಸುತ್ತವೆ. ಅದಕ್ಕೆ ಹಸಿರು ಬಣ್ಣ ಕೂಡ ಹೊಡೆದಿದ್ದ, ಹೂವಿಗೆ ಹೆದರಿಕೆಯಾಗಬಾರದೆಂದು.

ಮನೆಯವರೆಲ್ಲ ಮೇಜಿನ ಸುತ್ತ ನಿಂತೆವು. ಚಿಕ್ಕಪ್ಪ ಅರ್ಧ ಸುತ್ತು ತಿರುಗಿಸಿದ. ಹೂವು ಚೂರು ಬಾಯಿ ಬಿಟ್ಟಿತು. ಇನ್ನರ್ಧ ಸುತ್ತು. ದಳಗಳು ಬಿಚ್ಚಿಕೊಂಡವು. ನಿಜವಾಗಿಯೂ ಸೊಗಸಾಗಿ ಕಾಣುತ್ತಿತ್ತು.

“ಸಾಕು ಬಿಡು,” ಅಂದ ಅಪ್ಪ.

“ಇನ್ನೂ ಲೂಸ್ ಐತೆ ಅಣ್ಣ,” ಎಂದು ಚಿಕ್ಕಪ್ಪ ಕೊನೆಯ ಸುತ್ತು ಬಿಗಿದ.

ಟಪ್ಪೆಂದು ಒಂದು ಕಡ್ಡಿ ಜಾರಿತು. ಹೂವು ಮೇಲಕ್ಕೆ ಹಾರಿ ಫ್ಯಾನಿಗೆ ಬಡಿದು ಮನೆ ತುಂಬ ಉದುರಿತು. ಒಂದು ದಳ ಅಜ್ಜಿಯ ಮುಡಿಗೆ ಸಿಕ್ಕಿಕೊಂಡಿತು. ಸಾರಿನ ಪಾತ್ರೆಯಲ್ಲಿ ಕೇಸರಗಳು ತೇಲಿದವು. ಅಮ್ಮ ಅದನ್ನು ನೋಡಿ, “ಹೆಣ್ಣು ನೋಡೋಕೆ ಬರೋರು ಇವತ್ತು ಬರ್ಲಿಲ್ವಲ್ಲ, ಅಷ್ಟೇ ಪುಣ್ಯ” ಎಂದು ಸೌಟು ಹಿಡಿದು ಒಂದೊಂದಾಗಿ ತೆಗೆದಳು.

ಚಿಕ್ಕಪ್ಪನಿಗೆ ಬೇಜಾರೇನೂ ಆಗಲಿಲ್ಲ. ಉಳಿದ ದಂಟನ್ನು ಕೈಗೆತ್ತಿಕೊಂಡು ಅದರ ಕತ್ತರಿಸಿದ ತುದಿಯನ್ನು ನೋಡಿದ. ನೈದಿಲೆಯ ದಂಟಿನೊಳಗೆ ಗಾಳಿಯ ಕೊಳವೆಗಳಿರುತ್ತವೆ. ಅವನ ಕಣ್ಣು ಅಗಲವಾದವು. ಒಂದು ತುದಿ ಲೋಟದ ನೀರಿನಲ್ಲಿ ಮುಳುಗಿಸಿ ಇನ್ನೊಂದು ತುದಿಯಿಂದ ಊದಿದ. ಗುಳುಗುಳು ಗುಳ್ಳೆ ಬಂತು.

“ಪೈಪು!” ಎಂದು ಕೂಗಿದ. “ಅಣ್ಣ, ಇದು ಪೈಪು! ಒಂದಲ್ಲ, ಒಳಗೆ ಪೈಪಿನ ಕಟ್ಟೇ ಐತೆ!” ಮತ್ತೆ ಜೋರಾಗಿ ಊದಿದ. ಈ ಸಲ ಲೋಟದ ನೀರು ಅರ್ಧ ಅಪ್ಪನ ಚೌಕುಳಿ ಕಾಗದದ ಮೇಲೆ ಹೋಯಿತು. ಅಂದಿನ ಮಟ್ಟಿಗೆ ಬಾಟನಿ ನಿಂತಿತು.

ಹೀಗೇ ದಿನಕ್ಕೊಂದು ಹೂವಿನಂತೆ, ದಿನಕ್ಕೊಂದು ಭಾಗ ಬರೆದು, ಅರ್ಧ ಹೂವಿನ ಚಿತ್ರ ಮುಗಿಸಿದೆ. ಚುಕ್ಕಿ ಇಟ್ಟೂ ಇಟ್ಟೂ ಕಣ್ಣು ಮುಚ್ಚಿದರೂ ಚುಕ್ಕಿಯೇ ಕಾಣುತ್ತಿತ್ತು. ಚಿಕ್ಕಪ್ಪ ಯಾವಾಗಲೂ ದೊಡ್ಡದಾಗಿ ಅರಳಿದ ಹೂವನ್ನೇ ತರುತ್ತಿದ್ದ. ಅವುಗಳಲ್ಲೆಲ್ಲ ಒಳಸುತ್ತಿನ ಕೇಸರಗಳು ತಲೆಬಾಗಿ ಹೂವಿನ ನಡುಭಾಗವನ್ನು ಮುಚ್ಚಿಕೊಂಡಿರುತ್ತಿದ್ದವು. ನಾನು ಕಂಡದ್ದನ್ನೇ ಬರೆದೆ.

ಕಾಲೇಜಿಗೆ ಹೋದಾಗ ಮೇಡಂ ಇರಲಿಲ್ಲ. ಚಿತ್ರವನ್ನು ಅವರ ಮೇಜಿನ ಮೇಲಿಟ್ಟು ಬಂದೆ. ಎರಡು ದಿನ ಬಿಟ್ಟು ಮತ್ತೆ ಹೋದಾಗ ಅವರು ತರಗತಿಯಲ್ಲಿದ್ದರು. ಅಟೆಂಡರ್ ಚಿತ್ರ ವಾಪಸ್ಸು ಕೊಟ್ಟ. ಹೂವಿನ ನಡುಭಾಗಕ್ಕೆ ಪೆನ್ಸಿಲಿನಲ್ಲಿ ಒಂದು ಸುತ್ತು ಹಾಕಿ, ಪಕ್ಕದಲ್ಲಿ ಮೇಡಂ ಮುದ್ದಾದ ಅಕ್ಷರದಲ್ಲಿ ಏನೋ ಬರೆದಿದ್ದರು. ಕನ್ನಡದಲ್ಲಿ.

ನಾನು ಅದನ್ನು ನೆಟ್ಟಗೆ ಹಿಡಿದು ನೋಡಿದೆ, ಓರೆಯಾಗಿ ಹಿಡಿದು ನೋಡಿದೆ. ಮನೆಗೆ ತಂದು ಅಪ್ಪನಿಗೆ ತೋರಿಸಿದೆ. ಅಪ್ಪ, “ಚೆಂದಾಗೈತೆ, ಅಂಚಿಗೆ ಹಾಕ್ಬೋದು” ಅಂದ. ಅಜ್ಜಿ ಕಣ್ಣಿಗೊತ್ತಿಕೊಂಡಳು. ಚಿಕ್ಕಪ್ಪ ಮಾತ್ರ, “ಕೊಡಿಲ್ಲಿ, ನಾನು ಓದ್ತೀನಿ” ಎಂದ. ಪಂಪು ಜೋಡಿಸಲು ಬೆಂಗಳೂರಿಗೆ ಹೋಗಿ ಬರುತ್ತಿದ್ದವನು. ಬಸ್ಸಿನ ಬೋರ್ಡು, ಅಂಗಡಿ ಬೋರ್ಡು ನೋಡಿ ಕನ್ನಡ ಕಲಿತಿದ್ದೇನೆ ಎಂದು ಹೇಳಿಕೊಳ್ಳುತ್ತಿದ್ದ. ಬೆರಳಿಟ್ಟುಕೊಂಡು ಬಹಳ ಹೊತ್ತು ನೋಡಿ ಓದಿದ:

“ಬಾಟಲು ಎಲ್ಲಿ?”

“ಏನು?”

“ಬಾಟಲು ಎಲ್ಲಿ ಅಂತ ಕೇಳವ್ರೆ. ಸೆರಿಯಾಗೇ ಕೇಳವ್ರೆ. ಹೂವ ಚುಮ್ಮಾ ಗಾಳಿಯಲ್ಲಿ ನಿಲ್ಸಿದೀಯ. ನೀರಿಲ್ಲ, ಪಾತ್ರೆ ಇಲ್ಲ. ಬಾಟಲು ಬೇಡ್ವಾ?”

ನನಗೂ ಒಮ್ಮೆ ಅನುಮಾನ ಬಂತು. ಆದರೆ ಮೇಡಂ ಕಾರಣವಿಲ್ಲದೆ ಏನೂ ಕೇಳುವವರಲ್ಲ. ಮೈಸೂರಿನ ಪುಸ್ತಕಗಳಲ್ಲಿ ಹಾಗೆ ರೂಢಿ ಇದ್ದರೂ ಇರಬಹುದು. ಮನೆಯಲ್ಲಿ ತಕ್ಕ ಬಾಟಲಿ ಯಾವುದಿದೆ ಎಂದು ಹುಡುಕಿದರೆ ಸಿಕ್ಕಿದ್ದು ಒಂದು ಗೋಲಿ ಸೋಡಾ ಬಾಟಲಿ. ಅದರ ಕತ್ತಿನಲ್ಲಿ ದಂಟು ಇಳಿಸಲು ಚಿಕ್ಕಪ್ಪನೂ ನಾನೂ ಬೆವರು ಸುರಿಸಿದೆವು. ದಂಟು ಇಳಿದರೆ ಗೋಲಿ ಸಿಕ್ಕಿಕೊಳ್ಳುತ್ತಿತ್ತು, ಗೋಲಿ ಸರಿದರೆ ದಂಟು ಮೇಲಕ್ಕೆ ಬರುತ್ತಿತ್ತು. ಅಂತೂ ನಿಲ್ಲಿಸಿ, ಹೊಸ ಹಾಳೆಯಲ್ಲಿ ಎಲ್ಲವನ್ನೂ ಮತ್ತೆ ಬರೆದೆ. ಗಾಜಿನ ಹೊಳಪನ್ನು ಬರೀ ಚುಕ್ಕಿಯಲ್ಲೇ ತಂದೆ. ಗೋಲಿಯನ್ನೂ ಬಿಡಲಿಲ್ಲ. ಅಷ್ಟು ಒಳ್ಳೆಯ ಗೋಲಿಯನ್ನು ಆಮೇಲೆ ಎಂದೂ ಬರೆದಿಲ್ಲ.

ಮೇಡಂ ಆ ಚಿತ್ರವನ್ನು ಬಹಳ ಹೊತ್ತು ನೋಡಿದರು. ಕನ್ನಡಕ ತೆಗೆದು ಒರೆಸಿ ಮತ್ತೆ ನೋಡಿದರು.

“ಇದೇನು, ದುಂಡಗೆ?”

“ಗೋಲಿ ಮೇಡಂ.”

“ನೈದಿಲೆಯಲ್ಲಿ ಗೋಲಿ?”

“ನೈದಿಲೆಯಲ್ಲಿ ಅಲ್ಲ ಮೇಡಂ, ಬಾಟಲಿಯಲ್ಲಿ. ನೀವೇ ಬರ್ದಿದ್ರಲ್ಲ, ಬಾಟಲು ಎಲ್ಲಿ ಅಂತ.”

ನಾನು ಜೊತೆಗೆ ತಂದಿದ್ದ ಹಳೆಯ ಚಿತ್ರವನ್ನು ಮೇಡಂ ತೆಗೆದು ತಮ್ಮ ಅಕ್ಷರವನ್ನು ತಾವೇ ಓದಿದರು. “ಬಟ್ಟಲು ಎಲ್ಲಿ?” ಎಂದು ಒಂದೊಂದೇ ಅಕ್ಷರ ಬಿಡಿಸಿ ನನಗೂ ಓದಿ ಹೇಳಿದರು. ಆಮೇಲೆ ಮೇಜಿನ ಮೇಲೆ ತಲೆಯಿಟ್ಟು ನಕ್ಕರು. ಭುಜ ಕುಲುಕುವುದು ನೋಡಿ ಅಟೆಂಡರ್ ಓಡಿಬಂದು ನೀರು ಕೊಟ್ಟ. ನಗು ನಿಂತ ಮೇಲೆ, “ನಿನಗೆ ಕನ್ನಡ ಓದೋಕೆ ಬರಲ್ವಾ?” ಎಂದು ಮೆತ್ತಗೆ ಕೇಳಿದರು. ಇಲ್ಲ ಎಂದು ತಲೆಯಾಡಿಸಿದೆ. “ಇದು ಮುಗಿದ ಮೇಲೆ ಕಲಿಸ್ತೀನಿ,” ಅಂದರು. ಕಲಿಸಿದರು ಕೂಡ. ನಾನು ಮೊದಲು ಬರೆಯಲು ಕಲಿತ ಕನ್ನಡ ಪದ ಬಟ್ಟಲು.

ವಿಷಯ ಏನೆಂದರೆ, ನೈದಿಲೆಯ ನಟ್ಟನಡುವೆ ಶಲಾಕಾಗ್ರಗಳೆಲ್ಲ, ಅಂದರೆ ಅಂಡಾಶಯದ ಮೇಲೆ ಪರಾಗ ಹಿಡಿಯುವ ತುದಿಗಳೆಲ್ಲ, ಕೂಡಿ ಒಂದು ಪುಟ್ಟ ಬಟ್ಟಲಾಗಿರುತ್ತದೆ. ಹೂವು ಮೊದಲ ದಿನ ಅರಳಿದಾಗ ಆ ಬಟ್ಟಲ ತುಂಬ ತಿಳಿಯಾದ ರಸ ಇರುತ್ತದೆ. ಕೇಸರಗಳು ಆಗ ದೂರ ಸರಿದು ನೆಟ್ಟಗೆ ನಿಂತಿರುತ್ತವೆ. ಮರುದಿನದಿಂದ ರಸ ಒಣಗುತ್ತದೆ, ಕೇಸರಗಳು ಬಾಗಿ ಬಟ್ಟಲನ್ನು ಮುಚ್ಚುತ್ತವೆ. ಚಿಕ್ಕಪ್ಪ ತಂದದ್ದೆಲ್ಲ ಹಳೆಯ ಹೂವು. ಮೇಡಂಗೆ ಬೇಕಾದದ್ದು ಮೊದಲ ದಿನದ್ದು.

“ಭಾನುವಾರ ಬೆಳಿಗ್ಗೆ ನಾನೇ ನಿಮ್ಮ ಮನೆಗೆ ಬರ್ತೀನಿ,” ಅಂದರು. “ಅರಳೋದನ್ನು ಅಲ್ಲೇ ನೋಡಿ ಬರೆಯೋಣ. ಅಲ್ಲೇ ಅಂದ್ರೆ, ನಿಮ್ಮನೇಲೇ.”

ಮೇಡಂ ಬರುತ್ತಾರೆಂದು ಗೊತ್ತಾದದ್ದೇ ಮನೆಯಲ್ಲಿ ಹಬ್ಬದ ಗಡಿಬಿಡಿ. ಅಮ್ಮ ನೆಲ ಸಾರಿಸಿದಳು. ಅಪ್ಪ ಹೊಸ ಬನಿಯನ್ ಹಾಕಿದ. ಚಿಕ್ಕಪ್ಪ ಈ ಸಲ ಹೂವು ಕೀಳಲಿಲ್ಲ. ಮೊಗ್ಗಿರುವ ಗಿಡವನ್ನೇ ಗೆಡ್ಡೆ, ಕೆಸರು, ಎಲೆ ಸಮೇತ ಕಿತ್ತು, ಸೈಕಲ್ಲಿನ ಕ್ಯಾರಿಯರ್ ಮೇಲೆ ತಂದು, ನೀರು ಕಾಯಿಸುವ ಹಿತ್ತಾಳೆಯ ಅಂಡೆಯಲ್ಲಿ ಇಳಿಬಿಟ್ಟ. ಆ ಭಾನುವಾರ ನಮ್ಮ ಮನೆಯಲ್ಲಿ ಯಾರಿಗೂ ಬಿಸಿನೀರ ಸ್ನಾನವಿಲ್ಲ.

ಮೇಡಂ ಬಂದರು. ಅಜ್ಜಿ ಬಾಗಿಲಲ್ಲೇ ಕೈಹಿಡಿದು, “ಬನ್ನಿಂಗ, ಬನ್ನಿಂಗ, ಕುಂತ್ಕೊಳ್ಳಿಂಗ, ಕಾಪಿ ಕುಡೀರಿಂಗ” ಅಂದಳು. ಮೇಡಂ ಒಂದು ಗಳಿಗೆ ತಬ್ಬಿಬ್ಬಾಗಿ, ಆಮೇಲೆ ತಾವೂ, “ಆಗಲಿಂಗ” ಅಂದರು. ಅಜ್ಜಿಗೆ ಅವರು ಅಲ್ಲಿಂದ ಮುಂದೆ ಮನೆಮಗಳು.

ಹಿತ್ತಿಲಲ್ಲಿ ಅಂಡೆಯ ಸುತ್ತ ಎಲ್ಲರೂ ಕೂತೆವು. ಬಿಸಿಲು ಏರಿತು. ಮೊಗ್ಗಿನ ಹಸಿರು ಪುಷ್ಪಪತ್ರಗಳು ಸಡಿಲವಾದವು. ನೀಲಿ ದಳಗಳು ಬಿಚ್ಚಿಕೊಂಡವು, ಕೇಸರಗಳು ನೆಟ್ಟಗೆ ನಿಂತವು, ನಡುವೆ ಹೊಂಬಣ್ಣದ ಪುಟ್ಟ ಬಟ್ಟಲು, ಅದರ ತುಂಬ ರಸ. ಬಿಸಿಲಿಗೆ ಹೊಳೆಯಿತು. ನಾನು ಪೆನ್ಸಿಲ್ ತರಲು ಒಳಗೆ ಓಡಿದೆ.

ಪೆನ್ಸಿಲ್ಲಿಗೆ ಮೊನೆ ಇರಲಿಲ್ಲ. ಮೊನೆ ಮಾಡಿಕೊಂಡು ಬರುವಷ್ಟರಲ್ಲಿ ಹಿತ್ತಿಲಲ್ಲಿ ನಡೆದದ್ದು ಇಷ್ಟು. ಅಜ್ಜಿ, “ತೀರ್ಥ!” ಎಂದು ಕೈಮುಗಿದು, ಬಟ್ಟಲಲ್ಲಿ ಬೆರಳು ಅದ್ದಿ ನಾಲಿಗೆಗೆ ಇಟ್ಟುಕೊಂಡಿದ್ದಾಳೆ. “ಸಿಹಿ ಐತಾ?” ಎಂದು ಕೇಳಿ ಅಪ್ಪನೂ ಅದ್ದಿದ್ದಾನೆ. ಸಿಹಿ ಐತೆ ಅಂತ ಅಜ್ಜಿ, ಇಲ್ಲ ಅಂತ ಅಪ್ಪ. ವಿಚಾರಣೆಗೆಂದು ಚಿಕ್ಕಪ್ಪ ಎರಡು ಸಲ ಅದ್ದಿದ್ದಾನೆ. ತಡೆಯಬೇಕಾದ ಮೇಡಂ, “ಪುಸ್ತಕದಲ್ಲಿ ಸ್ವಲ್ಪ ಸಕ್ಕರೆ ಅಂಶ ಇರುತ್ತೆ ಅಂತ ಇದೆ, ನೋಡೇಬಿಡೋಣ” ಎಂದು ತಾವೂ ಬೆರಳು ಹಾಕಿದ್ದಾರೆ. ನಾನು ಬಂದಾಗ ಎಲ್ಲರ ಬೆರಳೂ ಬಾಯಲ್ಲಿತ್ತು. ಬಟ್ಟಲು ಒಣಗಿತ್ತು.

“ಮೇಡಂ, ರಸ ಎಲ್ಲಿ?”

ಮೇಡಂ ಬೆರಳು ತೆಗೆದು ಸೆರಗಿಗೆ ಒರೆಸಿಕೊಂಡು, ಪಾಠ ಮಾಡುವ ಗಂಭೀರ ದನಿಯಲ್ಲಿ ಅಂದರು: “ಈ ರಸದಲ್ಲಿ ಸಣ್ಣ ಸಣ್ಣ ಜೇನುಹುಳ ಜಾರಿ ಬಿದ್ದು ಸಾಯೋದುಂಟು.”

“ಇದನ್ನ ಮೊದಲೇ ಹೇಳ್ಬಾರ್ದಾಂಗ?” ಅಂದ ಅಪ್ಪ.

“ನಾವೇನ್ ಜೇನಾ? ಏನೂ ಆಗಲ್ಲ ಬಿಡು,” ಅಂದಳು ಅಜ್ಜಿ.

ಇನ್ನೊಂದು ಮೊಗ್ಗು ಇರಲಿಲ್ಲ. ಮೇಡಂಗೆ ಮತ್ತೆ ಭಾನುವಾರ ಬಿಡುವಿರಲಿಲ್ಲ. ಪ್ರೆಸ್ಸಿನವರು ಚಿತ್ರ ಕೇಳಿ ಹೇಳಿಕಳಿಸುತ್ತಲೇ ಇದ್ದರು. ಕಡೆಗೆ ಚಿಕ್ಕಪ್ಪನೇ ದಾರಿ ತೋರಿಸಿದ. ನನ್ನ ಇಂಕ್ ಫಿಲ್ಲರ್ ತೊಳೆದು, ಕುಡಿಯುವ ಕೊಡದಿಂದ ನೀರು ತೆಗೆದು, ಒಂದೊಂದೇ ಹನಿ ಬಟ್ಟಲಿಗೆ ಬಿಟ್ಟ. ಬಟ್ಟಲು ಮತ್ತೆ ತುಂಬಿ ಹೊಳೆಯಿತು. “ಸಿರುವಾಣಿ ನೀರು,” ಎಂದು ಊರಿಗೆ ಕುಡಿಯುವ ನೀರು ಬರುವ ಬೆಟ್ಟದ ಹೊಳೆಯ ಹೆಸರು ಹೇಳಿ ಮೇಡಂಗೆ ಅಭಯ ಕೊಟ್ಟ. “ನಿಮ್ಮ ಹೂವಿನ ರಸಕ್ಕಿಂತ ಇದೇ ಸಿಹಿ.”

ಕಂಡದ್ದನ್ನು ಬರಿ ಎಂದು ಪಾಠ ಹೇಳಿದ್ದ ಮೇಡಂ ನನ್ನ ಮುಖ ನೋಡಿದರು. ನಾನು ಅವರ ಮುಖ ನೋಡಿದೆ. “ಕಾಣ್ತಾ ಇದೆಯಲ್ಲ, ಬರಿ,” ಅಂದರು. ನಾನು ಬರೆದೆ. ಪುಸ್ತಕದಲ್ಲಿ ಆ ಬಟ್ಟಲಿಗೆ ಗೆರೆ ಎಳೆದು ‘ಶಲಾಕಾಗ್ರದ ದ್ರವ’ ಎಂದು ಇಂಗ್ಲಿಷಿನಲ್ಲಿ ಹೆಸರು ಕೊಟ್ಟದ್ದು ಕೊಯಮತ್ತೂರಿನ ಕುಡಿಯುವ ನೀರಿಗೆ.

ಹೂವಿನ ನಕ್ಷೆಯನ್ನೂ ಅವತ್ತೇ ಮುಗಿಸಿದೆ. ಅದನ್ನು ಕಂಡು ಅಪ್ಪನಿಗೆ ಹುಚ್ಚೇ ಹಿಡಿಯಿತು. ಸುತ್ತಿನೊಳಗೆ ಸುತ್ತು, ನಡುವೆ ಅಡ್ಡ ಕುಯ್ದ ಅಂಡಾಶಯ, ಕುಯ್ದ ನಿಂಬೆಹಣ್ಣಿನ ಹಾಗೆ ಸಾಲುಸಾಲು ಕೋಣೆ, ಕೋಣೆಗಳ ತುಂಬ ಬೀಜದ ಚುಕ್ಕಿ. “ಇದು ಹೂವಲ್ಲ ಕಣ್ಣು, ಬುಟ್ಟಾ,” ಎಂದು ಚೌಕುಳಿ ಕಾಗದ ತೆಗೆದ. ಚೆಂದ ಮಾಡಬೇಡ ಎಂದು ನಾನು ಎಷ್ಟು ಹೇಳಿದರೂ ಕೇಳಲಿಲ್ಲ. ದಾರದ ಲೆಕ್ಕಕ್ಕೆ ಹೊಂದಿಸಲು ಕೇಸರದ ಸುತ್ತುಗಳನ್ನು ಕಡಿಮೆ ಮಾಡಿದ. ಹೊರಗಿನ ಪುಷ್ಪಪತ್ರಗಳು ಬೋಳಾಗಿ ಕಾಣುತ್ತವೆಂದು ಅವುಗಳ ಜಾಗದಲ್ಲಿ ಪುಟ್ಟ ಪುಟ್ಟ ಮಾವಿನಕಾಯಿ ಇಟ್ಟ. 

ಆ ಬುಟ್ಟಾದ ಮೊದಲ ಸೀರೆಯನ್ನು ಅಜ್ಜಿ ಮೇಡಂಗೆ ಎಲೆಯಡಿಕೆ ಸಮೇತ ಉಡುಗೊರೆ ಕೊಟ್ಟಳು. ಕಡುನೀಲಿ ಒಡಲು, ಸೆರಗಿನ ತುಂಬ ತಟ್ಟೆಯಷ್ಟಗಲದ ನೈದಿಲೆಯ ನಕ್ಷೆ. ಮೇಡಂ ಬಹಳ ಸಂತೋಷಪಟ್ಟರು.

ಅದನ್ನು ಅವರು ಪ್ರಾಕ್ಟಿಕಲ್ ಪರೀಕ್ಷೆಯ ದಿನ ಉಟ್ಟುಬಂದರು. ಹೊರಗಿನ ಕಾಲೇಜಿನಿಂದ ಪರೀಕ್ಷಕರು ಬರುತ್ತಾರೆ, ಒಳ್ಳೆಯ ಸೀರೆ ಇರಲಿ ಎಂದು. ಪರೀಕ್ಷೆಗೆ ಬೇಕಾದ ಹೂವು ತಂದುಕೊಡಲು ಹೋದ ನಾನು ಲ್ಯಾಬಿನ ಪಕ್ಕದ ಕೋಣೆಯಲ್ಲಿದ್ದೆ. ಪ್ರಶ್ನೆ ಎಲ್ಲರಿಗೂ ಒಂದೇ: ಕೊಟ್ಟ ಹೂವನ್ನು ಸೀಳಿ ನೋಡಿ ನಕ್ಷೆ ಬರೆಯಿರಿ. ಹೂವು ನೈದಿಲೆ.

ಮೇಡಂ ಸಾಲುಗಳ ನಡುವೆ ಓಡಾಡತೊಡಗಿದರು. ಹುಡುಗಿಯರು ಅಷ್ಟು ಶ್ರದ್ಧೆಯಿಂದ ಯಾವ ಟೀಚರನ್ನೂ ನೋಡಿದ್ದನ್ನು ನಾನು ಕಂಡಿರಲಿಲ್ಲ. ಮೇಡಂ ಯಾವ ಸಾಲಿಗೆ ಬೆನ್ನು ಮಾಡಿದರೋ ಆ ಸಾಲಿನವರು ಕತ್ತು ಚಾಚಿ ನೋಡಿ, ತಲೆ ತಗ್ಗಿಸಿ ಬರೆಯುವರು. ಒಬ್ಬಳಂತೂ, “ಮೇಡಂ, ಒಂದು ನಿಮಿಷ ಅಲ್ಲೇ ನಿಂತ್ಕೊಳ್ಳಿ” ಅಂದೇಬಿಟ್ಟಳು. ಮೇಡಂ ಏಕೆಂದು ಕೇಳದೆ ನಿಂತರು.

ಪರೀಕ್ಷಕರು ವಯಸ್ಸಾದವರು, ಬಲು ಸಂಕೋಚದ ಮನುಷ್ಯ. ಸ್ವಲ್ಪ ಹೊತ್ತು ನೋಡಿ, ಮೇಡಂ ಹತ್ತಿರ ಬಂದು ಇಂಗ್ಲಿಷಿನಲ್ಲಿ ಮೆಲ್ಲಗೆ, “ತಪ್ಪು ತಿಳಿಯಬೇಡಿ, ನಿಮ್ಮ ಸೆರಗಿನಲ್ಲಿ ಉತ್ತರ ಇದೆ” ಅಂದರು.

ಮೇಡಂ ತಮ್ಮ ಬೆನ್ನನ್ನು ತಾವೇ ನೋಡಿಕೊಳ್ಳಲು ಒಂದು ಸುತ್ತು ಸುತ್ತಿದರು. ಲ್ಯಾಬಿನವರೆಲ್ಲ ಇನ್ನೊಮ್ಮೆ ಚೆನ್ನಾಗಿ ನೋಡಿಕೊಂಡರು. ಆಮೇಲೆ ಮೇಡಂ ಆ ಬೇಸಿಗೆಯ ಸೆಖೆಯಲ್ಲಿ ಬಿಳಿಯ ಕೋಟು ಹಾಕಿ ಕತ್ತಿನವರೆಗೆ ಗುಂಡಿ ಬಿಗಿದುಕೊಂಡು, ಪರೀಕ್ಷೆ ಮುಗಿಯುವ ತನಕ ಕುರ್ಚಿ ಬಿಟ್ಟೇಳಲಿಲ್ಲ.

ಹಾಳೆಗಳನ್ನು ತಿದ್ದುವಾಗ ಪರೀಕ್ಷಕರಿಗೆ ಕಷ್ಟವೇನೂ ಆಗಲಿಲ್ಲ. ಹೂವು ನೋಡಿ ಬರೆದವರು ಯಾರು, ಸೀರೆ ನೋಡಿ ಬರೆದವರು ಯಾರು ಎಂದು ಒಂದೇ ನೋಟಕ್ಕೆ ತಿಳಿಯುತ್ತಿತ್ತು. ಸೀರೆ ನೋಡಿದವರ ನೈದಿಲೆಗೆಲ್ಲ ಮಾವಿನಕಾಯಿ ಇತ್ತು. ಒಬ್ಬಳು ಅದಕ್ಕೆ ನೀಟಾಗಿ ಗೆರೆ ಎಳೆದು ‘ಪುಷ್ಪಪತ್ರ’ ಎಂದು ಹೆಸರೂ ಬರೆದಿದ್ದಳು.

ಹೊರಡುವಾಗ ಪರೀಕ್ಷಕರು ನನ್ನನ್ನು ಪಕ್ಕಕ್ಕೆ ಕರೆದು, ಆ ಸೀರೆ ನಿಮ್ಮ ಮನೆಯದಂತೆ, ನನ್ನ ಹೆಂಡತಿಯೂ ಬಾಟನಿ ಟೀಚರ್, ಅವಳಿಗೊಂದು ಸಿಗಬಹುದೇ ಎಂದು ಕೇಳಿದರು. “ಆದರೆ ಮಾವಿನಕಾಯಿ ಬೇಡ,” ಅಂದರು. “ಸರಿಯಾದ ಪುಷ್ಪಪತ್ರ ಹಾಕಿಸಿಕೊಡಿ.”

ಸಂಜೆ ಮನೆಗೆ ಬಂದು ಅಪ್ಪನಿಗೆ ಹೇಳಿದೆ. ಅಪ್ಪ ಬರೆಯುತ್ತಿದ್ದ ಪೆನ್ಸಿಲನ್ನು ಕೆಳಗಿಟ್ಟ.

“ಮಾವಿನಕಾಯಿ ಇಲ್ದೇ ಸೀರೆಯಾ? ಅವರು ಏನು ಓದವ್ರೆ?”

“ಬಾಟನಿ.”

“ಅದೇ ಅಂದ್ಕೊಂಡೆ,” ಅಂದ ಅಪ್ಪ, ಮತ್ತೆ ಪೆನ್ಸಿಲ್ ಎತ್ತಿಕೊಂಡ.